ವಕ್ಫ್ ಆಸ್ತಿಯ ತಕರಾರು: ಆಡಳಿತ, ಬಾಡಿಗೆ, ಕಬ್ಜಾ – ಯಾವುದಕ್ಕೆ ಎಲ್ಲಿಗೆ ಹೋಗಬೇಕು, ಏನು ಹಿಡಿದು ಹೋಗಬೇಕು

ಮಸೀದಿಯ ಅಂಗಡಿ ಬಿಡಿಸಿಕೊಳ್ಳಲು ದಿವಾಣಿ ಕೋರ್ಟಿಗೆ ಹೋಗಿ, ನಾಲ್ಕೈದು ವರ್ಷ ತಾರೀಖಿಗೆ ಅಲೆದ ಮೇಲೆ ‘ಇದು ನಮ್ಮ ವ್ಯಾಪ್ತಿಗೆ ಬರುವುದಿಲ್ಲ’ ಎಂದು ದಾವೆ ವಾಪಸ್ ಬರುತ್ತದೆ. ಖಬರಸ್ತಾನದ ಅಂಚು ಒತ್ತುವರಿಯಾಗಿದೆ ಎಂದು ಹತ್ತು ಅರ್ಜಿ ಬರೆದಿರುತ್ತಾರೆ, ಒಂದರಲ್ಲೂ ಸರ್ವೇ ನಂಬರು ಸರಿ ಇರುವುದಿಲ್ಲ. ಜಮಾತಿನ ಎರಡು ಗುಂಪು ಒಂದೇ ಕಮಿಟಿಗೆ ಎರಡು ಚುನಾವಣೆ ನಡೆಸುತ್ತವೆ, ಬ್ಯಾಂಕು ಖಾತೆ ತಡೆಹಿಡಿಯುತ್ತದೆ, ಇಮಾಮರ ಸಂಬಳಕ್ಕೂ ದುಡ್ಡಿಲ್ಲದಂತಾಗುತ್ತದೆ. ಧಾರವಾಡ, ಗದಗ, ಹಾವೇರಿ ಮೂರೂ ಕಡೆ ಮತ್ತೆ ಮತ್ತೆ ಕಾಣುವ ಸೋಲುಗಳು ಇವೇ. ಇವುಗಳಲ್ಲಿ ಬಹುಪಾಲು ಕಾನೂನಿನ ಕೊರತೆಯಿಂದ ಆದದ್ದಲ್ಲ, ಕೆಲಸದ ಕ್ರಮ ತಪ್ಪಿದ್ದರಿಂದ ಆದದ್ದು.

ಮುತವಲ್ಲಿಗಳು (ವಕ್ಫ್, ಅಂದರೆ ಧರ್ಮಕಾರ್ಯಕ್ಕೆ ಬಿಟ್ಟ ಆಸ್ತಿಯನ್ನು ನೋಡಿಕೊಳ್ಳುವವರು), ಕಮಿಟಿಯವರು, ಸಾಮಾನ್ಯ ನಮಾಜಿಗಳು, ವಕ್ಫ್ ಅಂಗಡಿಯ ಬಾಡಿಗೆದಾರರು, ಉತಾರದಲ್ಲಿ (ಪಹಣಿಯಲ್ಲಿ) ವಕ್ಫ್ ಹೆಸರು ಕಂಡು ಗಾಬರಿಯಾದ ರೈತರು, ಎಲ್ಲರಿಗೂ ಇಲ್ಲಿ ಕೆಲಸಕ್ಕೆ ಬರುವುದಿದೆ. ಒಂದು ಮಾತು ಮೊದಲೇ ಗಮನಿಸಿ. 1995ರ ವಕ್ಫ್ ಕಾಯ್ದೆಗೆ 2013ರಲ್ಲೊಮ್ಮೆ, 2025ರಲ್ಲೊಮ್ಮೆ ದೊಡ್ಡ ತಿದ್ದುಪಡಿ ಆಗಿದೆ. ಎರಡನೆಯದು 8 ಏಪ್ರಿಲ್ 2025ರಿಂದ ಜಾರಿಯಲ್ಲಿದೆ. ಹಳೆಯ ಪುಸ್ತಕದಿಂದ ಅಥವಾ ಪಕ್ಕದೂರಿನ ಹಳೆಯ ಅರ್ಜಿಯಿಂದ ನಕಲು ಮಾಡಿದರೆ ಅವಧಿಗಳೇ ತಪ್ಪಿಹೋಗುತ್ತವೆ.

## ಹಂತ 1: ತಕರಾರು ಯಾವ ಬಗೆಯದು ಎಂದು ಮೊದಲು ತೀರ್ಮಾನಿಸಿ

ಅರ್ಜಿ ಬರೆಯುವ ಮುಂಚೆ ಒಂದು ಹಾಳೆಯಲ್ಲಿ ಒಂದೇ ಸಾಲು ಬರೆಯಿರಿ: ನಮಗೆ ಬೇಕಾದದ್ದು ಏನು? ಆ ಸಾಲು ಈ ಐದರಲ್ಲಿ ಒಂದಕ್ಕೆ ಸೇರಬೇಕು.

1. ಆಸ್ತಿ ವಕ್ಫೇ, ಅಲ್ಲವೇ ಎಂಬ ಪ್ರಶ್ನೆ. ಇದನ್ನು ತೀರ್ಮಾನಿಸುವುದು ವಕ್ಫ್ ನ್ಯಾಯಮಂಡಳಿ (ಕಲಂ 6, 7 ಮತ್ತು 83).
2. ವಕ್ಫ್ ಹೌದು, ಆದರೆ ಅದನ್ನು ಯಾರು ನಡೆಸಬೇಕು, ಲೆಕ್ಕ ಸರಿ ಇದೆಯೇ ಎಂಬ ಪ್ರಶ್ನೆ. ಇದು ಮೊದಲು ವಕ್ಫ್ ಬೋರ್ಡಿನ ಕೆಲಸ, ನ್ಯಾಯಮಂಡಳಿ ಆಮೇಲೆ.
3. ಬಾಡಿಗೆದಾರನ ಜತೆ ತಕರಾರು.
4. ಯಾವ ಹಕ್ಕೂ ಇಲ್ಲದವರ ಅತಿಕ್ರಮಣ. ಇದಕ್ಕೆ ಕಲಂ 54ರ ದಾರಿ.
5. ಹಿಂದಿನ ಮುತವಲ್ಲಿಯೋ ಅವರ ವಾರಸುದಾರರೋ ಆಸ್ತಿ ಮಾರಿದ್ದಾರೆ, ಅಡವಿಟ್ಟಿದ್ದಾರೆ. ಇದಕ್ಕೆ ಕಲಂ 51 ಮತ್ತು 52.

ಒಂದೇ ಅರ್ಜಿಯಲ್ಲಿ ಐದನ್ನೂ ಸೇರಿಸುವುದು ತೀರಾ ಸಾಮಾನ್ಯವಾದ ತಪ್ಪು. ‘ಕಮಿಟಿ ಅಧ್ಯಕ್ಷರು ಲೆಕ್ಕ ಕೊಡುತ್ತಿಲ್ಲ, ಅಂಗಡಿಯವ ಬಾಡಿಗೆ ಕೊಡುತ್ತಿಲ್ಲ, ಪಕ್ಕದವರು ಗೋಡೆ ಕಟ್ಟಿದ್ದಾರೆ’ ಎಂದು ಒಂದೇ ಕಾಗದದಲ್ಲಿ ಬರೆದರೆ ಮೂರು ಟೇಬಲ್ ಸುತ್ತಿ ಮೂರರಲ್ಲೂ ಬಾಕಿ ಉಳಿಯುತ್ತದೆ. ಬಗೆಗೊಂದು ಅರ್ಜಿ ಕೊಡಿ.

ಬಾಡಿಗೆ ತಕರಾರಿನಲ್ಲಿ ಜನ ತಪ್ಪು ಕೋರ್ಟಿಗೆ ಹೋಗುವುದಕ್ಕೆ ಕಾರಣವಿದೆ. ಬಾಡಿಗೆದಾರನನ್ನು ಬಿಡಿಸುವ ದಾವೆ ದಿವಾಣಿ ಕೋರ್ಟಿನದೇ ಎಂದು ಸುಪ್ರೀಂ ಕೋರ್ಟು 2010ರಲ್ಲಿ ರಮೇಶ್ ಗೋಬಿಂದರಾಮ್ ಪ್ರಕರಣದಲ್ಲಿ ಹೇಳಿತ್ತು. ಆ ತೀರ್ಪು ಹಲವರ ಮನಸ್ಸಿನಲ್ಲಿ ಇನ್ನೂ ಕುಳಿತಿದೆ. ಆದರೆ 1 ನವೆಂಬರ್ 2013ರಿಂದ ಜಾರಿಗೆ ಬಂದ ತಿದ್ದುಪಡಿ ಬಾಡಿಗೆದಾರನನ್ನು ಬಿಡಿಸುವುದನ್ನೂ ಮಾಲೀಕ-ಬಾಡಿಗೆದಾರರ ಹಕ್ಕು ಬಾಧ್ಯತೆಗಳನ್ನೂ ಕಲಂ 83ರೊಳಗೆ ತಂದು ನ್ಯಾಯಮಂಡಳಿಗೆ ಕೊಟ್ಟಿತು. ನಿಮ್ಮ ದಾವೆ ಈಗಾಗಲೇ ತಪ್ಪು ಕೋರ್ಟಿನಲ್ಲಿದ್ದರೆ ವಜಾ ಆಗುವವರೆಗೆ ಕಾಯಬೇಡಿ. ದಿವಾಣಿ ಪ್ರಕ್ರಿಯಾ ಸಂಹಿತೆಯ ಆದೇಶ 7 ನಿಯಮ 10ರಡಿ ದಾವೆ ವಾಪಸ್ ಕೇಳಿ, ಸರಿಯಾದ ಜಾಗದಲ್ಲಿ ಹಾಕಿ. ಪ್ರಾಮಾಣಿಕವಾಗಿ ತಪ್ಪು ಕೋರ್ಟಿನಲ್ಲಿ ಕಳೆದ ಕಾಲವನ್ನು ಅವಧಿ ಲೆಕ್ಕದಿಂದ ಬಿಡಿಸಲು ಕಾಲಮಿತಿ ಕಾಯ್ದೆಯ ಕಲಂ 14 ಇದೆ.

## ಹಂತ 2: ಕಾಗದ ಕೂಡಿಸಿ

ಈ ಹಂತಕ್ಕೆ ಎರಡು ಮೂರು ತಿಂಗಳು ಹೋದರೂ ಅದು ನಷ್ಟವಲ್ಲ. ನೋಟಿಸು ಕೊಟ್ಟ ಮೇಲೆ ಕಾಗದ ಹುಡುಕಲು ಹೊರಟರೆ ಎದುರಿನವರು ನಿಮಗಿಂತ ಮೊದಲು ಅದೇ ಕಚೇರಿಗೆ ಹೋಗಿರುತ್ತಾರೆ.

ವಕ್ಫ್ ದಾಖಲೆ. ಎರಡು ಬೇಕು. ಸರ್ಕಾರಿ ಗೆಜೆಟ್ಟಿನಲ್ಲಿ ಪ್ರಕಟವಾದ ವಕ್ಫ್ ಪಟ್ಟಿಯ ಪುಟ ಒಂದು, ಬೋರ್ಡು ಕಲಂ 37ರಡಿ ಇಟ್ಟಿರುವ ವಕ್ಫ್ ರಿಜಿಸ್ಟರಿನ ದೃಢೀಕೃತ ಪ್ರತಿ ಇನ್ನೊಂದು. ಜಿಲ್ಲಾ ವಕ್ಫ್ ಅಧಿಕಾರಿಯ ಕಚೇರಿಯಲ್ಲಿ ಕೇಳಿ, ಸಿಗದಿದ್ದರೆ ಬೆಂಗಳೂರಿನ ಬೋರ್ಡಿಗೆ ಬರೆಯಿರಿ. ಗದಗ, ಹಾವೇರಿಯವರು ಇಲ್ಲಿ ಎಡವುತ್ತಾರೆ. ಈ ಎರಡೂ ಜಿಲ್ಲೆ 1997ರಲ್ಲಿ ಧಾರವಾಡದಿಂದ ಬೇರೆಯಾದವು, ಆದ್ದರಿಂದ ಅದಕ್ಕೂ ಹಿಂದಿನ ಗೆಜೆಟ್ಟಿನಲ್ಲಿ ನಿಮ್ಮ ಊರನ್ನು ಧಾರವಾಡ ಜಿಲ್ಲೆಯ ತಲೆಬರಹದ ಕೆಳಗೇ ಹುಡುಕಬೇಕು. ತಾಲ್ಲೂಕೂ ಹಾಗೆಯೇ. ಲಕ್ಷ್ಮೇಶ್ವರದ ಆಸ್ತಿ ಶಿರಹಟ್ಟಿಯಲ್ಲಿ, ಗಜೇಂದ್ರಗಡದ್ದು ರೋಣದಲ್ಲಿ, ಅಣ್ಣಿಗೇರಿಯದು ನವಲಗುಂದದಲ್ಲಿ, ರಟ್ಟೀಹಳ್ಳಿಯದು ಹಿರೇಕೆರೂರಿನಲ್ಲಿ ಸಿಗುತ್ತದೆ. ‘ನಮ್ಮ ಆಸ್ತಿ ಪಟ್ಟಿಯಲ್ಲಿ ಇಲ್ಲ’ ಎಂದು ಕೈಬಿಟ್ಟವರಲ್ಲಿ ಎಷ್ಟೋ ಜನ ತಪ್ಪು ಪುಟ ನೋಡಿದವರು.

ಟ್ರಸ್ಟ್ ನೋಂದಣಿ. ನಮ್ಮ ಭಾಗ ಮುಂಬೈ ಪ್ರಾಂತ್ಯದಲ್ಲಿದ್ದುದರಿಂದ ಹಲವು ಮಸೀದಿ, ದರ್ಗಾಗಳು 1950ರ ಮುಂಬೈ ಸಾರ್ವಜನಿಕ ಟ್ರಸ್ಟ್ ಕಾಯ್ದೆಯಡಿ ನೋಂದಾಯಿಸಿದ್ದವು. ಆ ರಿಜಿಸ್ಟರಿನ ಉತಾರ ಸಿಕ್ಕರೆ ಅದರಲ್ಲಿ ಆಸ್ತಿಯ ಪಟ್ಟಿ, ಟ್ರಸ್ಟಿಗಳ ಹೆಸರು, ಉತ್ತರಾಧಿಕಾರದ ರೀತಿ ಎಲ್ಲವೂ ಇರುತ್ತದೆ. ಮುತವಲ್ಲಿತನ ಮನೆತನದ್ದೋ, ಜಮಾತು ಆರಿಸುವುದೋ ಎಂಬ ಜಗಳದಲ್ಲಿ ಇದಕ್ಕಿಂತ ಬಲವಾದ ಕಾಗದ ಅಪರೂಪ. ಹಳೆಯ ಮಸೀದಿಗಳ ಟ್ರಂಕು, ಕಪಾಟುಗಳಲ್ಲಿ ಇದರ ನಕಲು ಬಿದ್ದಿರುವುದುಂಟು, ಮೊದಲು ಅಲ್ಲಿ ಹುಡುಕಿ.

ಕಂದಾಯ ದಾಖಲೆ. ಜಮೀನಾದರೆ ಇಂದಿನ ಉತಾರದ ಜತೆಗೆ ಹಳೆಯ ಕೈಬರಹದ ಪಹಣಿಗಳನ್ನೂ, ಹೆಸರು ಬದಲಾದ ಪ್ರತಿ ಮ್ಯುಟೇಶನ್ನಿನ ಪ್ರತಿಯನ್ನೂ ತೆಗೆಸಿ. ಉತಾರದಲ್ಲಿ ಕಾಲಂ 9 ಸ್ವಾಧೀನದಾರರದು, ಕಾಲಂ 11 ಇತರ ಹಕ್ಕು ಮತ್ತು ಋಣಗಳದು. ವಕ್ಫ್ ಹೆಸರು 9ರಲ್ಲಿದೆಯೋ 11ರಲ್ಲಿದೆಯೋ ಎಂಬುದರ ಮೇಲೆ ವಾದವೇ ಬೇರೆಯಾಗುತ್ತದೆ. ಊರೊಳಗಿನ ಜಾಗವಾದರೆ ಸಿಟಿ ಸರ್ವೇ ನಂಬರಿನ ಪ್ರಾಪರ್ಟಿ ಕಾರ್ಡ್ ಮತ್ತು ಪಾಲಿಕೆಯ ತೆರಿಗೆ ದಾಖಲೆ, ಗ್ರಾಮ ಪಂಚಾಯ್ತಿಯಾದರೆ ನಮೂನೆ 9 ಮತ್ತು 11. ಉಪನೋಂದಣಿ ಕಚೇರಿಯಿಂದ ಋಣಭಾರ ಪತ್ರವನ್ನು ಎಷ್ಟು ಹಿಂದಿನದು ಸಿಗುತ್ತದೋ ಅಷ್ಟು ಹಿಂದಿನಿಂದ ತೆಗೆಸಿ, ಗುಟ್ಟಾದ ಮಾರಾಟ ಅಥವಾ ಅಡವು ಇದ್ದರೆ ಅಲ್ಲೇ ಸಿಕ್ಕಿಬೀಳುತ್ತದೆ. ಸವಣೂರು 1948ರವರೆಗೆ ನವಾಬರ ಸಂಸ್ಥಾನವಾಗಿತ್ತು, ಅಲ್ಲಿನ ಇನಾಂ ಕಾಗದಗಳ ಮಾದರಿಯೇ ಬೇರೆ. ದಾಖಲೆ ಮೋಡಿ ಲಿಪಿಯಲ್ಲಿದ್ದರೆ (ಹಳೆಯ ಮರಾಠಿ ಬರಹ) ಓದಬಲ್ಲವರಿಂದ ಲಿಪ್ಯಂತರ ಮಾಡಿಸಿ, ಅವರ ಸಹಿ ಪಡೆದು ಮೂಲದ ಜತೆ ಇಡಿ.

ಕಚೇರಿಯಲ್ಲಿ ಪ್ರತಿ ಕೊಡದೆ ಅಲೆದಾಡಿಸಿದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದದೊಳಗೆ ಇರಬೇಕು. ‘ಎಲ್ಲಾ ದಾಖಲೆ ಕೊಡಿ’ ಎಂದರೆ ಏನೂ ಬರುವುದಿಲ್ಲ, ‘ಇಂಥ ಸರ್ವೇ ನಂಬರಿನ ಇಂಥ ಮ್ಯುಟೇಶನ್ ಕಡತದ ದೃಢೀಕೃತ ಪ್ರತಿ’ ಎಂದು ಬರೆಯಿರಿ.

ಕಾಗದ ಎಷ್ಟು ತೂಗುತ್ತದೆ ಎಂಬುದಕ್ಕೆ ನಮ್ಮ ಊರಿನದೇ ಉದಾಹರಣೆ ಇದೆ. 30 ಆಗಸ್ಟ್ 2022ರಂದು ಒಂದೇ ದಿನ ಎರಡು ಈದ್ಗಾ ಮೈದಾನಗಳ ಬಗ್ಗೆ ಎರಡು ಬೇರೆ ಬೇರೆ ಆದೇಶ ಬಂದವು. ಬೆಂಗಳೂರಿನ ಚಾಮರಾಜಪೇಟೆಯಲ್ಲಿ ಹಕ್ಕೇ ತಕರಾರಿನಲ್ಲಿದ್ದುದರಿಂದ ಸುಪ್ರೀಂ ಕೋರ್ಟು ಯಥಾಸ್ಥಿತಿ ಕಾಯಲು ಹೇಳಿತು. ಹುಬ್ಬಳ್ಳಿಯ ಮೈದಾನ ಪಾಲಿಕೆಯ ಆಸ್ತಿ ಎಂಬ ನೆಲೆಯಲ್ಲಿ ಹೈಕೋರ್ಟು ಅಲ್ಲಿ ಗಣೇಶೋತ್ಸವಕ್ಕೆ ಅನುಮತಿ ಕೊಟ್ಟ ಪಾಲಿಕೆಯ ತೀರ್ಮಾನಕ್ಕೆ ತಡೆ ಕೊಡಲಿಲ್ಲ. ಎರಡೂ ಕಡೆ ನಮಾಜು ನಡೆಯುತ್ತಿತ್ತು. ಬಳಕೆ ಬೇರೆ, ಹಕ್ಕು ಬೇರೆ. ನಿಮ್ಮ ಕೈಯಲ್ಲಿರುವುದು ಯಾವುದರ ಕಾಗದ ಎಂದು ಮೊದಲೇ ತಿಳಿದಿರಬೇಕು.

ಉಮೀದ್ ಪೋರ್ಟಲ್. 2025ರ ತಿದ್ದುಪಡಿಯಂತೆ ನೋಂದಾಯಿತ ವಕ್ಫ್‌ಗಳ ವಿವರವನ್ನು ಕೇಂದ್ರದ ಪೋರ್ಟಲ್‌ಗೆ ಏರಿಸಬೇಕು. ಪೋರ್ಟಲ್ ತೆರೆದದ್ದು 6 ಜೂನ್ 2025, ಆರು ತಿಂಗಳ ಗಡುವು ಆ ಡಿಸೆಂಬರಿನಲ್ಲೇ ಮುಗಿಯಿತು. ಗಡುವು ವಿಸ್ತರಿಸಲು ಸುಪ್ರೀಂ ಕೋರ್ಟು ಒಪ್ಪಲಿಲ್ಲ, ನ್ಯಾಯಮಂಡಳಿಗೆ ಹೋಗಿ ಎಂದಿತು. ನಿಮ್ಮ ವಿವರ ಏರಿಲ್ಲದಿದ್ದರೆ ತಡವಾದ ಕಾರಣವನ್ನು ಪುರಾವೆ ಸಮೇತ ಬರೆದು ನ್ಯಾಯಮಂಡಳಿಯಲ್ಲಿ ಅವಧಿ ಕೇಳುವುದೇ ದಾರಿ. ಏರಿದ್ದರೆ ಅಷ್ಟಕ್ಕೇ ಸುಮ್ಮನಾಗಬೇಡಿ. ಮುತವಲ್ಲಿ ತುಂಬಿದ್ದನ್ನು ಒಬ್ಬರು ಪರಿಶೀಲಿಸಿ ಮತ್ತೊಬ್ಬರು ಅನುಮೋದಿಸಬೇಕು. ಮೂರನೆಯ ಮೆಟ್ಟಿಲು ದಾಟಿದೆಯೇ, ವಿಸ್ತೀರ್ಣ ಉತಾರಕ್ಕೆ ಹೊಂದುತ್ತದೆಯೇ ನೋಡಿ. ಅಲ್ಲಿ ಒಂದು ಗುಂಟೆ ತಪ್ಪಿದ್ದರೂ ಎದುರು ವಕೀಲರು ಅದನ್ನೇ ಹಿಡಿಯುತ್ತಾರೆ.

## ಹಂತ 3: ಜಾಗ ಅಳೆಸಿ

ಹದ್ದುಬಸ್ತಿಗೆ (ಗಡಿ ಗುರುತಿಸುವ ಅಳತೆಗೆ) ಅರ್ಜಿ ಹಾಕಿ, ಸರ್ಕಾರಿ ಭೂಮಾಪಕರಿಂದಲೇ ಅಳತೆ ಮಾಡಿಸಿ. ಅಕ್ಕಪಕ್ಕದವರಿಗೆ ಅಳತೆಯ ನೋಟಿಸು ಜಾರಿಯಾಗಿರಬೇಕು. ಅದಿಲ್ಲದ ನಕ್ಷೆಯನ್ನು ‘ನಮ್ಮ ಬೆನ್ನ ಹಿಂದೆ ಅಳೆದದ್ದು’ ಎಂದು ಸುಲಭವಾಗಿ ಹೊಡೆದುಹಾಕುತ್ತಾರೆ.

ಒತ್ತುವರಿ ಎಷ್ಟು ಗುಂಟೆ ಅಥವಾ ಚದರಡಿ, ಯಾವ ದಿಕ್ಕಿಗೆ, ಯಾವ ಕಟ್ಟಡ ಎಂಬುದು ನಕ್ಷೆಯಲ್ಲೇ ಬರೆದಿರಲಿ. ಚಕ್ಕುಬಂದಿ (ನಾಲ್ಕೂ ದಿಕ್ಕಿನ ಗಡಿ) ಬರೆಯುವಾಗ ಹಳೆಯ ಪತ್ರದಲ್ಲಿದ್ದ ನೆರೆಯವರ ಹೆಸರನ್ನು ಹಾಗೇ ಇಳಿಸಬೇಡಿ. ಅವರು ಮಾರಿ ಹೋಗಿರುತ್ತಾರೆ, ಆಸ್ತಿ ಗುರುತೇ ಸಿಗದಂತಾಗುತ್ತದೆ. ಹಳೆಯ ಹೆಸರಿನ ಪಕ್ಕಕ್ಕೆ ಈಗಿನವರ ಹೆಸರೂ ಇರಲಿ. ಖಬರಸ್ತಾನದಲ್ಲಿ ಅಳತೆಗೆ ಮುಂಚೆ ಅಂಚಿನ ಗೋರಿಗಳ ಫೋಟೊ, ವಿಡಿಯೊ ತಾರೀಖು ಕಾಣುವಂತೆ ತೆಗೆದಿಡಿ. ಅಂಚು ಸರಿದದ್ದಕ್ಕೆ ಅವೇ ಸಾಕ್ಷಿ, ಬೇಗ ಮಾಯವಾಗುವುದೂ ಅವೇ.

## ಹಂತ 4: ಆಡಳಿತದ ತಕರಾರು

ಕಮಿಟಿಯ ಮೇಲೆ ದೂರು ಕೊಡಲು ನೀವು ಪದಾಧಿಕಾರಿ ಆಗಿರಬೇಕಿಲ್ಲ. ಆ ಮಸೀದಿಯಲ್ಲಿ ನಮಾಜು ಮಾಡುವ ಹಕ್ಕುಳ್ಳವರು, ಆ ಖಬರಸ್ತಾನ ಬಳಸುವ ಹಕ್ಕುಳ್ಳವರು ಎಲ್ಲರೂ ಕಾಯ್ದೆಯ ಕಣ್ಣಿಗೆ ‘ಹಿತಾಸಕ್ತಿಯುಳ್ಳ ವ್ಯಕ್ತಿ’. ಕಲಂ 70ರಡಿ ಅಫಿಡವಿಟ್ ಸಮೇತ ಬೋರ್ಡಿಗೆ ಅರ್ಜಿ ಕೊಟ್ಟು ವಿಚಾರಣೆ ಕೇಳಬಹುದು. ಅಫಿಡವಿಟ್ ಇಲ್ಲದ ದೂರು ಬರಿಯ ಪತ್ರವಾಗಿ ಉಳಿಯುತ್ತದೆ. ಜನ ಬಿಡುವುದೂ ಅದನ್ನೇ.

1. ಲೆಕ್ಕದಿಂದ ಶುರು ಮಾಡಿ. ಮಾರ್ಚ್ 31ಕ್ಕೆ ಮುಗಿಯುವ ವರ್ಷದ ಲೆಕ್ಕವನ್ನು ಮುತವಲ್ಲಿ ಜುಲೈ 1ರೊಳಗೆ ಬೋರ್ಡಿಗೆ ಸಲ್ಲಿಸಬೇಕು (ಕಲಂ 46). ಸಲ್ಲಿಸಿದ್ದಾರೆಯೇ ಎಂದು ಮಾಹಿತಿ ಹಕ್ಕಿನಲ್ಲಿ ಕೇಳಿ. ‘ಸಲ್ಲಿಸಿಲ್ಲ’ ಎಂಬ ಒಂದು ಸಾಲಿನ ಉತ್ತರ ಇಪ್ಪತ್ತು ಪುಟದ ಆರೋಪಕ್ಕಿಂತ ಹೆಚ್ಚು ಕೆಲಸ ಮಾಡುತ್ತದೆ.

2. ಬೋರ್ಡು ಅನುಮೋದಿಸಿದ ಕಮಿಟಿಯ ಪಟ್ಟಿ, ಅದರ ಅವಧಿ, ಬೈಲಾ ಅಥವಾ ಕಲಂ 69ರ ಸ್ಕೀಮ್ (ಬೋರ್ಡು ರೂಪಿಸಿದ ಆಡಳಿತ ಯೋಜನೆ) ತರಿಸಿ. ಅವಧಿ ಮುಗಿದ ಕಮಿಟಿ ಮಾಡಿದ ಠರಾವು, ಕರೆದ ಚುನಾವಣೆ ಎಲ್ಲಕ್ಕೂ ಪ್ರಶ್ನೆ ಏಳುತ್ತದೆ. ಬೋರ್ಡಿನ ಅನುಮೋದನೆ ಬರುವ ಮುಂಚೆಯೇ ‘ಗೆದ್ದೆವು’ ಎಂದು ಬೀಗ ಒಡೆದು ಕಚೇರಿ ಹಿಡಿಯುವುದು ನಮ್ಮ ಕಡೆ ಕಾಣುವ ದೊಡ್ಡ ತಪ್ಪು. ಅಲ್ಲಿಂದಾಚೆ ಅದು ಪೊಲೀಸ್ ಕೇಸಾಗುತ್ತದೆ, ಆಡಳಿತದ ಪ್ರಶ್ನೆ ಮೂಲೆಗೆ ಹೋಗುತ್ತದೆ.

3. ಮುತವಲ್ಲಿಯನ್ನು ತೆಗೆಯುವುದಾದರೆ ಕಲಂ 64ರಲ್ಲಿ ಹೇಳಿದ ಕಾರಣಗಳಲ್ಲಿ ಒಂದನ್ನು ಹೆಸರಿಸಿ: ಲೆಕ್ಕ ಇಡದಿರುವುದು, ಕರ್ತವ್ಯ ಬಿಡುವುದು, ಕಾನೂನುಬದ್ಧ ಆದೇಶ ಮೀರುವುದು, ಹಣ ನುಂಗುವುದು, ವಕ್ಫ್ ಆಸ್ತಿಯ ಗುತ್ತಿಗೆಯಲ್ಲಿ ತಾನೇ ಪಾಲುದಾರನಾಗಿರುವುದು, ಹೀಗೆ. ಲೆಕ್ಕ ಸತತ ಎರಡು ವರ್ಷ ತಪ್ಪಿರಬೇಕೆಂದು ಮೊದಲಿತ್ತು, 2025ರಿಂದ ಒಂದು ವರ್ಷ ಸಾಕು. ವಿಚಾರಣೆ ನಡೆದಿರಲೇಬೇಕು, ಬೋರ್ಡಿನ ಸದಸ್ಯರಲ್ಲಿ ಮೂರನೇ ಎರಡು ಭಾಗ ಒಪ್ಪಿರಲೇಬೇಕು. ಎರಡರಲ್ಲಿ ಒಂದಿಲ್ಲದಿದ್ದರೂ ಆದೇಶ ಮೇಲ್ಮನವಿಯಲ್ಲಿ ಬೀಳುತ್ತದೆ. ತೆಗೆದುಹಾಕಲ್ಪಟ್ಟವರಿಗೆ ನ್ಯಾಯಮಂಡಳಿಗೆ ಹೋಗಲು ಒಂದು ತಿಂಗಳು ಮಾತ್ರ ಇದೆ. ಕಲಂ 67ರಡಿ ಕಮಿಟಿಯನ್ನೇ ರದ್ದುಪಡಿಸಿದ್ದರೆ 90 ದಿನ.

4. ಹೊಸಬರು ಬಂದ ದಿನ ಪುಸ್ತಕ, ಬ್ಯಾಂಕ್ ಪಾಸ್‌ಬುಕ್, ಬಾಡಿಗೆ ಕರಾರು, ಚಾವಿ ಎಲ್ಲದರ ಪಟ್ಟಿ ಮಾಡಿ ಇಬ್ಬರೂ ಸಹಿ ಹಾಕಿ. ಹಳಬರು ಒಪ್ಪಿಸದಿದ್ದರೆ ಕಲಂ 68ರಡಿ ಮ್ಯಾಜಿಸ್ಟ್ರೇಟರ ಮೂಲಕ ಪಡೆಯಬಹುದು.

ಬೋರ್ಡು ಆಡಳಿತಾಧಿಕಾರಿಯನ್ನು ನೇಮಿಸಿದಾಗ ಎರಡೂ ಗುಂಪು ಒಂದಾಗಿ ಅವರನ್ನು ವಿರೋಧಿಸುವುದುಂಟು. ಹಾಗೆ ಮಾಡಬೇಡಿ. ಆ ಅವಧಿಯಲ್ಲಿ ಬಾಡಿಗೆ ವಸೂಲಿ ನಿಂತರೆ ನಷ್ಟ ಮಸೀದಿಗೆ, ಲಾಭ ಬಾಕಿದಾರನಿಗೆ.

## ಹಂತ 5: ಬಾಡಿಗೆದಾರನ ಜತೆಗಿನ ತಕರಾರು

ಮೊದಲು ಕರಾರು ನೋಡಿ. ಒಂದು ವರ್ಷಕ್ಕಿಂತ ಹೆಚ್ಚಿನ ಗುತ್ತಿಗೆಗೆ ಬೋರ್ಡಿನ ಪೂರ್ವಾನುಮತಿ ಬೇಕು, ಇಲ್ಲದಿದ್ದರೆ ಅದು ಅಸಿಂಧು. 30 ವರ್ಷ ಮೀರಿದ ಗುತ್ತಿಗೆ ಯಾವುದೂ ನಿಲ್ಲುವುದಿಲ್ಲ. ಹೊಲವನ್ನು ಲಾವಣಿಗೆ ಕೊಡುವುದಾದರೆ 3 ವರ್ಷ ಮೀರುವಂತಿಲ್ಲ. ಕಮಿಟಿಯ ಯಾರೋ ಒಬ್ಬರು ಬಾಂಡ್ ಪೇಪರಿನ ಮೇಲೆ ‘99 ವರ್ಷಕ್ಕೆ’ ಎಂದು ಬರೆದುಕೊಟ್ಟಿದ್ದರೆ ಬಾಡಿಗೆದಾರರೇ, ಅದನ್ನು ನಂಬಿ ಅಂಗಡಿಗೆ ಲಕ್ಷಗಟ್ಟಲೆ ಸುರಿಯಬೇಡಿ. ಪಗಡಿ (ಅಂಗಡಿ ಹಿಡಿಯಲು ಮೊದಲೇ ಕೊಡುವ ದೊಡ್ಡ ಮೊತ್ತ) ಕೊಟ್ಟಿದ್ದರೆ ರಸೀದಿ ಕೇಳಿ. ಬಾಯಿಮಾತಿನ ಪಗಡಿಯನ್ನು ಯಾವ ನ್ಯಾಯಮಂಡಳಿಯೂ ಮರಳಿ ಕೊಡಿಸಲಾರದು.

ಕಮಿಟಿಯವರಿಗೆ ಕ್ರಮ ಹೀಗೆ:

1. ಕಮಿಟಿ ಸಭೆ ಕರೆದು, ಯಾರ ಮೇಲೆ ಏಕೆ ಕ್ರಮ, ಸಹಿ ಹಾಕುವ ಅಧಿಕಾರ ಯಾರಿಗೆ ಎಂದು ಠರಾವು ಮಾಡಿ.
2. ಬಾಕಿಯ ಲೆಕ್ಕವನ್ನು ತಿಂಗಳುವಾರು ಬರೆಯಿರಿ. ‘ಸುಮಾರು ಮೂರು ವರ್ಷದಿಂದ’ ಎಂದರೆ ಆಗದು.
3. ಬಾಡಿಗೆ ಕೊನೆಗೊಳಿಸುವ ನೋಟಿಸನ್ನು ವಕೀಲರ ಮೂಲಕ, ಸ್ವೀಕೃತಿ ಸಮೇತ ಅಂಚೆಯಲ್ಲಿ ಕಳಿಸಿ. ತಿಂಗಳ ಬಾಡಿಗೆಗೆ ಕನಿಷ್ಠ 15 ದಿನದ ನೋಟಿಸು, ಕೃಷಿ ಅಥವಾ ಕಾರ್ಖಾನೆಯ ವಾರ್ಷಿಕ ಗುತ್ತಿಗೆಗೆ 6 ತಿಂಗಳದ್ದು.
4. ಅವಧಿ ಮುಗಿದ ಮೇಲೆ ಬಂದ ಹಣವನ್ನು ‘ಬಾಡಿಗೆ’ ಎಂದು ಬರೆದು ರಸೀದಿ ಕೊಡಬೇಡಿ. ಕೊಟ್ಟರೆ ನೋಟಿಸನ್ನು ನೀವೇ ಬಿಟ್ಟುಕೊಟ್ಟಂತೆ ಎಂಬ ವಾದ ಹುಟ್ಟುತ್ತದೆ. ಸ್ವಾಧೀನದ ನಷ್ಟಭರ್ತಿ ಎಂದೂ, ಹಕ್ಕಿಗೆ ಬಾಧೆಯಿಲ್ಲದೆ ಸ್ವೀಕರಿಸಿದ್ದು ಎಂದೂ ಬರೆಯಿರಿ.

ನಾಲ್ಕನೆಯದು ತಪ್ಪುವುದು ಹೇಗೆಂದರೆ, ರಸೀದಿ ಪುಸ್ತಕ ಇರುವುದು ಮಸೀದಿಯ ಖಾದಿಮರ ಕೈಯಲ್ಲಿ, ನೋಟಿಸಿನ ವಿಷಯ ಅವರಿಗೆ ಯಾರೂ ಹೇಳಿರುವುದಿಲ್ಲ. ನೋಟಿಸು ಹೋದ ದಿನವೇ ರಸೀದಿ ಪುಸ್ತಕ ಖಜಾಂಚಿಯ ಕೈಗೆ ಬರಲಿ.

ಸಿಟ್ಟಿನಲ್ಲಿ ಅಂಗಡಿಗೆ ಬೀಗ ಜಡಿಯುವುದು, ಕರೆಂಟು ತೆಗೆಸುವುದು, ಸಾಮಾನು ಹೊರಗೆ ಹಾಕುವುದು ಬೇಡವೇ ಬೇಡ. ಕಾನೂನು ಕ್ರಮವಿಲ್ಲದೆ ಹೊರಹಾಕಲ್ಪಟ್ಟವನು ಆರು ತಿಂಗಳೊಳಗೆ ನಿರ್ದಿಷ್ಟ ಪರಿಹಾರ ಕಾಯ್ದೆಯ ಕಲಂ 6ರಡಿ ಸ್ವಾಧೀನ ಮರಳಿ ಕೇಳಬಹುದು. ಗೆಲ್ಲುವ ಕೇಸು ಒಂದು ರಾತ್ರಿಯಲ್ಲಿ ತಿರುಗುತ್ತದೆ.

## ಹಂತ 6: ಅತಿಕ್ರಮಣ ತೆರವು – ಕಲಂ 54

2013ರ ತಿದ್ದುಪಡಿಯ ವ್ಯಾಖ್ಯೆಯಲ್ಲಿ ಹಕ್ಕಿಲ್ಲದೆ ಕುಳಿತವನಷ್ಟೇ ಅಲ್ಲ, ಬಾಡಿಗೆ, ಗುತ್ತಿಗೆ ಅಥವಾ ಪರವಾನಗಿ ಮುಗಿದವನು, ಅದನ್ನು ರದ್ದುಪಡಿಸಿಕೊಂಡವನು ಕೂಡ ಅತಿಕ್ರಮಣಕಾರನೇ. ಆದ್ದರಿಂದ ಹಂತ 5ರ ನೋಟಿಸು ಸರಿಯಾಗಿದ್ದರೆ ಅದೇ ವ್ಯಕ್ತಿಯ ಮೇಲೆ ಈ ದಾರಿಯೂ ತೆರೆಯುತ್ತದೆ.

1. ಜಿಲ್ಲಾ ವಕ್ಫ್ ಅಧಿಕಾರಿಯ ಮೂಲಕ ಬೋರ್ಡಿನ ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿಗೆ ದೂರು ಕೊಡಿ. ಗೆಜೆಟ್ ಪುಟ, ವಕ್ಫ್ ರಿಜಿಸ್ಟರ್, ಉತಾರ ಅಥವಾ ಪ್ರಾಪರ್ಟಿ ಕಾರ್ಡ್, ಹದ್ದುಬಸ್ತು ನಕ್ಷೆ, ಫೋಟೊ, ಠರಾವು ಈ ಆರೂ ಜತೆಗಿರಲಿ. ಪ್ರತಿಯ ಮೇಲೆ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳದೆ ಕಚೇರಿ ಬಿಡಬೇಡಿ.
2. ಅವರು ಅತಿಕ್ರಮಣಕಾರನಿಗೆ ಕಾರಣ ಕೇಳುವ ನೋಟಿಸು ಕೊಟ್ಟು ವಿಚಾರಣೆ ನಡೆಸುತ್ತಾರೆ. ನೋಟಿಸಿನಲ್ಲಿ ತಂದೆಯ ಹೆಸರು, ಜಾಗದ ನಂಬರು, ವಿಸ್ತೀರ್ಣ ಸರಿ ಇದೆಯೇ ನೋಡಿಕೊಳ್ಳಿ. ಕಟ್ಟಡದಲ್ಲಿ ನಿಜವಾಗಿ ಇರುವವರ ಹೆಸರಿಲ್ಲದಿದ್ದರೆ ಕೊನೆಯ ದಿನ ‘ನನಗೆ ನೋಟಿಸೇ ಬಂದಿಲ್ಲ’ ಎಂದು ತಮ್ಮನೋ ಅಳಿಯನೋ ಎದುರು ನಿಲ್ಲುತ್ತಾನೆ.
3. ಅತಿಕ್ರಮಣ ಖಾತ್ರಿಯಾದರೆ ಅಧಿಕಾರಿ ತೆರವಿನ ಆದೇಶಕ್ಕಾಗಿ ನ್ಯಾಯಮಂಡಳಿಗೆ ಅರ್ಜಿ ಹಾಕುತ್ತಾರೆ. ತೆರವಿನ ಆದೇಶ ಕೊಡುವುದು ನ್ಯಾಯಮಂಡಳಿ. ಅಧಿಕಾರಿ ತಾವೇ ಆದೇಶ ಮಾಡುತ್ತಿದ್ದುದು 2013ಕ್ಕೆ ಹಿಂದಿನ ಮಾತು.
4. ಆದೇಶದ ಮೇಲೂ 45 ದಿನದಲ್ಲಿ ಜಾಗ ಬಿಡದಿದ್ದರೆ ಕಲಂ 55ರಡಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರಿಗೆ, ನಮ್ಮಲ್ಲಿ ಸಾಮಾನ್ಯವಾಗಿ ತಹಶೀಲ್ದಾರರಿಗೆ, ಆದೇಶ ಕಳಿಸಿ ಪೊಲೀಸ್ ನೆರವಿನಿಂದ ತೆರವು ಮಾಡಿಸಬೇಕು.

ಕೆಲಸ ನಿಲ್ಲುವುದು ಎರಡನೆಯ ಮತ್ತು ಮೂರನೆಯ ಮೆಟ್ಟಿಲ ನಡುವೆ. ವಿಚಾರಣೆ ಮುಗಿದ ಕಡತ ಬೆಂಗಳೂರಿನಲ್ಲಿ ಹಾಗೇ ಇರುತ್ತದೆ, ಊರಿನವರು ‘ಕೇಸು ನಡೆಯುತ್ತಿದೆ’ ಎಂದುಕೊಂಡಿರುತ್ತಾರೆ. ತಿಂಗಳಿಗೊಮ್ಮೆ ಕಡತ ಸಂಖ್ಯೆ ನಮೂದಿಸಿ ಲಿಖಿತವಾಗಿ ಸ್ಥಿತಿ ಕೇಳಿ. ಈ ಮಧ್ಯೆ ಹೊಸ ಕಟ್ಟಡ ಏಳುತ್ತಿದ್ದರೆ ಕಲಂ 54ಕ್ಕೆ ಕಾಯದೆ ಮುತವಲ್ಲಿ ನೇರವಾಗಿ ಕಲಂ 83(2)ರಡಿ ನ್ಯಾಯಮಂಡಳಿಯಲ್ಲಿ ತಡೆಯಾಜ್ಞೆ ಕೇಳಬಹುದು.

ತಡ ಮಾಡಬಾರದು ಎಂಬುದಕ್ಕೆ ಈಗ ಹೊಸ ಕಾರಣವೂ ಇದೆ. ವಕ್ಫ್ ಸ್ಥಿರಾಸ್ತಿಯ ಸ್ವಾಧೀನಕ್ಕೆ ಕಾಲಮಿತಿ ಇಲ್ಲ ಎನ್ನುತ್ತಿದ್ದ ಕಲಂ 107 ಅನ್ನು 2025ರಲ್ಲಿ ಬದಲಿಸಿ, ಕಾಲಮಿತಿ ಕಾಯ್ದೆ ಅನ್ವಯಿಸುವಂತೆ ಮಾಡಿದ್ದಾರೆ. 15 ಸೆಪ್ಟೆಂಬರ್ 2025ರ ಮಧ್ಯಂತರ ಆದೇಶದಲ್ಲಿ ಸುಪ್ರೀಂ ಕೋರ್ಟು ಇದಕ್ಕೆ ತಡೆ ಕೊಡಲಿಲ್ಲ. ಖಾಸಗಿ ಸ್ಥಿರಾಸ್ತಿಗೆ ಇರುವ 12 ವರ್ಷದ ಲೆಕ್ಕ ವಕ್ಫ್‌ಗೂ ಬಂದಿದೆ. ಅಜ್ಜನ ಕಾಲದಿಂದ ‘ನೋಡೋಣ’ ಎಂದು ಬಿಟ್ಟ ಪ್ರತಿ ಒತ್ತುವರಿಯ ಪಟ್ಟಿಯನ್ನು ಈ ವರ್ಷವೇ ತೆಗೆದು ಕೂಡಬೇಕು.

ಎದುರಿಗಿರುವುದು ಸರ್ಕಾರವೇ ಆದರೆ, ಅಂದರೆ ಜಾಗ ಸರ್ಕಾರದ್ದೋ ವಕ್ಫಿನದೋ ಎಂಬ ತಕರಾರಾದರೆ, ಅದೇ ಮಧ್ಯಂತರ ಆದೇಶದಂತೆ ನ್ಯಾಯಮಂಡಳಿ ತೀರ್ಮಾನಿಸುವವರೆಗೆ ವಕ್ಫನ್ನು ಜಾಗದಿಂದ ಹೊರಹಾಕುವಂತಿಲ್ಲ, ದಾಖಲೆ ತಿದ್ದುವಂತಿಲ್ಲ. ಹಾಗೆಯೇ ಮುತವಲ್ಲಿ ಆ ಜಾಗದಲ್ಲಿ ಮೂರನೆಯವರಿಗೆ ಹಕ್ಕು ಕೊಡುವಂತಿಲ್ಲ.

## ಹಂತ 7: ಮಾರಾಟವಾಗಿದ್ದರೆ

ಬೋರ್ಡಿನ ಮಂಜೂರಾತಿ ಇಲ್ಲದೆ ಮಾರಿದ ನೋಂದಾಯಿತ ಆಸ್ತಿಗೆ ಕಲಂ 52 ಇದೆ. ಬೋರ್ಡು ವಿಚಾರಣೆ ಮಾಡಿ ಜಿಲ್ಲಾಧಿಕಾರಿಗೆ ಬರೆಯುತ್ತದೆ, ಜಿಲ್ಲಾಧಿಕಾರಿ 30 ದಿನದೊಳಗೆ ಸ್ವಾಧೀನ ಒಪ್ಪಿಸಲು ಆದೇಶಿಸುತ್ತಾರೆ, ಅದರ ಮೇಲೆ ಖರೀದಿದಾರ 30 ದಿನದೊಳಗೆ ನ್ಯಾಯಮಂಡಳಿಗೆ ಹೋಗಬಹುದು. ಇದಕ್ಕೆ ಬೇಕಾದ ಮುಖ್ಯ ಕಾಗದ ಖರೀದಿ ಪತ್ರದ ದೃಢೀಕೃತ ಪ್ರತಿ ಮತ್ತು ಮಾರಾಟಕ್ಕೆ ಮುಂಚಿನ ವಕ್ಫ್ ರಿಜಿಸ್ಟರ್ ನಮೂದು.

## ಹಂತ 8: ನೀವು ಆಚೆ ಬದಿಯಲ್ಲಿದ್ದರೆ

2024ರ ಅಕ್ಟೋಬರ್, ನವೆಂಬರಿನಲ್ಲಿ ಉತಾರದ ಕಾಲಂ 11ರಲ್ಲಿ ವಕ್ಫ್ ಎಂದು ಬಂದದ್ದನ್ನು ಕಂಡು ನಮ್ಮ ಭಾಗದ ಅನೇಕ ಹಳ್ಳಿಗಳಲ್ಲಿ ರೈತರು ಕಂಗಾಲಾದರು. ರೈತರಿಗೆ ಕೊಟ್ಟಿದ್ದ ನೋಟಿಸು ಹಿಂಪಡೆಯಲು ಸರ್ಕಾರ ಆದೇಶಿಸಿತು. ಆದೇಶ ಬಂದಿದೆ ಎಂದು ಸುಮ್ಮನಿರದೆ ನಿಮ್ಮ ಉತಾರವನ್ನು ಇವತ್ತು ತೆಗೆದು ನೋಡಿ.

ನಮೂದು ಇನ್ನೂ ಇದ್ದರೆ ಆ ಮ್ಯುಟೇಶನ್ ನಂಬರಿನ ಕಡತ ಕೇಳಿ, ಯಾವ ಆಧಾರದ ಮೇಲೆ ಬಂತು ನೋಡಿ. ಭೂ ಸುಧಾರಣೆಯಲ್ಲಿ ನಮೂನೆ 7 ಕೊಟ್ಟು ಭೂ ನ್ಯಾಯಮಂಡಳಿಯಿಂದ ಬಂದ ಜಮೀನಾದರೆ ಆ ಆದೇಶ ಮತ್ತು ನಮೂನೆ 10 ನಿಮ್ಮ ಮೂಲ ಕಾಗದ. ಇನಾಂ ರದ್ದತಿಯಲ್ಲಿ ಬಂದದ್ದಾದರೆ ಮರುಮಂಜೂರಿ ಆದೇಶ. ಮ್ಯುಟೇಶನ್ ವಿರುದ್ಧ ಕಂದಾಯ ಕಾಯ್ದೆಯ ಕಲಂ 136ರಡಿ ಉಪವಿಭಾಗಾಧಿಕಾರಿಗೆ ಮೇಲ್ಮನವಿ. ಹಾವೇರಿ ಜಿಲ್ಲೆಯಲ್ಲಿ ಹಾವೇರಿ, ಸವಣೂರು ಎಂದು ಎರಡು ಉಪವಿಭಾಗ ಇವೆ, ನಿಮ್ಮ ತಾಲ್ಲೂಕು ಯಾವುದಕ್ಕೆ ಸೇರಿದೆ ನೋಡಿ ಹೋಗಿ. ಆದರೆ ಉಪವಿಭಾಗಾಧಿಕಾರಿ ನೋಡುವುದು ನಮೂದನ್ನು, ಹಕ್ಕನ್ನಲ್ಲ. ಆಸ್ತಿಯೇ ವಕ್ಫ್ ಪಟ್ಟಿಯಲ್ಲಿದ್ದರೆ ಪಟ್ಟಿಯನ್ನು ನ್ಯಾಯಮಂಡಳಿಯಲ್ಲಿ ಪ್ರಶ್ನಿಸಬೇಕು. ಪ್ರಕಟಣೆಯಿಂದ ಒಂದು ವರ್ಷ ಎಂದಿದ್ದ ಅವಧಿ 2025ರಲ್ಲಿ ಎರಡು ವರ್ಷವಾಗಿದೆ. ಅದೂ ಮೀರಿದ್ದರೆ ತಡಕ್ಕೆ ಸಾಕಷ್ಟು ಕಾರಣ ತೋರಿಸಿ ಕೇಳಲು ಈಗ ಅವಕಾಶವಿದೆ.

ಯಾರೋ ಮಧ್ಯಸ್ಥರು ‘ಇಷ್ಟು ಕೊಡಿ, ಹೆಸರು ತೆಗೆಸುತ್ತೇನೆ’ ಎಂದರೆ ಅಲ್ಲೇ ನಿಲ್ಲಿಸಿ. ಮುತವಲ್ಲಿಯ ಜತೆ ನೀವೇ ರಾಜಿ ಮಾಡಿಕೊಂಡರೂ ಕೋರ್ಟಿನಲ್ಲಿರುವ ಕೇಸಿನಲ್ಲಿ ಬೋರ್ಡಿನ ಮಂಜೂರಾತಿ ಇಲ್ಲದ ರಾಜಿ ನಿಲ್ಲುವುದಿಲ್ಲ (ಕಲಂ 93).

## ಹಂತ 9: ಬೆಳಗಾವಿ, ನಂತರ ಧಾರವಾಡ

ನಮ್ಮ ಮೂರೂ ಜಿಲ್ಲೆ ಬೆಳಗಾವಿ ವಿಭಾಗದ ವಕ್ಫ್ ನ್ಯಾಯಮಂಡಳಿಗೆ ಸೇರುತ್ತವೆ. ಹೋಗಿ ಬರಲು ಒಂದು ದಿನ ಹಿಡಿಯುವುದರಿಂದ ತಾರೀಖಿಗೆ ಯಾರು ಹೋಗುತ್ತಾರೆ, ಖರ್ಚು ಯಾವ ಲೆಕ್ಕದಿಂದ ಎಂಬುದನ್ನು ಠರಾವಿನಲ್ಲೇ ಬರೆಯಿರಿ. ಎರಡು ತಾರೀಖು ತಪ್ಪಿ ಗೈರುಹಾಜರಿಗೆ ವಜಾ ಆದ ಅರ್ಜಿಗಳಿಗೆ ಲೆಕ್ಕವಿಲ್ಲ.

ಬೋರ್ಡಿನ ಮೇಲೆ ದಾವೆ ಹಾಕುವವರು ಎರಡು ತಿಂಗಳ ನೋಟಿಸು ಕೊಟ್ಟಿರಬೇಕು (ಕಲಂ 89). ಎದುರಿನವರು ಏಕಪಕ್ಷೀಯ ತಡೆ ತರುವ ಸುಳಿವಿದ್ದರೆ ಮೊದಲೇ ಕೇವಿಯಟ್ (ನಮ್ಮನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಅರ್ಜಿ) ಹಾಕಿ, ಅದು 90 ದಿನ ಜೀವಂತ. ಅಳತೆ ಬಗ್ಗೆ ಜಗಳವಿದ್ದರೆ ಸಾಕ್ಷಿ ಶುರುವಾಗುವ ಮುಂಚೆಯೇ ಕೋರ್ಟ್ ಕಮಿಷನರ್ (ಸ್ಥಳ ನೋಡಿ ವರದಿ ಕೊಡುವವರು) ಕೇಳಿ. ಮೂಲ ಕಾಗದಗಳನ್ನು ತೋರಿಸಿ ವಾಪಸ್ ಪಡೆಯಿರಿ, ದೃಢೀಕೃತ ಪ್ರತಿಯ ಒಂದು ಪೂರ್ತಿ ಜೋಡಿ ಊರಿನಲ್ಲಿ ಇರಲಿ. ಕಮಿಟಿ ಬದಲಾದಾಗ ಕಡತ ವಕೀಲರ ಬಳಿ ಒಂದೇ ಇದ್ದು, ಶುಲ್ಕ ಬಾಕಿ ಎಂದು ಸಿಕ್ಕಿಹಾಕಿಕೊಳ್ಳುವುದುಂಟು.

ನ್ಯಾಯಮಂಡಳಿಯ ಆದೇಶದ ಮೇಲೆ ಹೈಕೋರ್ಟಿಗೆ, ನಮಗೆ ಅದರ ಧಾರವಾಡ ಪೀಠಕ್ಕೆ, ಆದೇಶ ಕೈಸೇರಿದ 90 ದಿನದೊಳಗೆ ಮೇಲ್ಮನವಿ ಹೋಗಬಹುದು. ಇದೂ 2025ರ ಬದಲಾವಣೆ, ಮೊದಲು ಪುನರ್‌ಪರಿಶೀಲನೆ ಮಾತ್ರ ಇತ್ತು. ಪ್ರತಿ ಕೈಗೆ ಬಂದ ದಿನವನ್ನು ಅದರ ಮೇಲೇ ಬರೆದಿಡಿ.

## ಹಂತ 10: ಸ್ವಾಧೀನ ಸಿಕ್ಕ ದಿನ

ತೆರವಿನ ದಿನ ಪಂಚನಾಮೆ ಆಗಲಿ, ಇಬ್ಬರು ಹೊರಗಿನ ಪಂಚರು ಸಹಿ ಹಾಕಲಿ. ಸಾಮಾನಿನ ಪಟ್ಟಿ, ವಿಡಿಯೊ, ಬೀಗದ ನಂಬರು ಅದರಲ್ಲಿರಲಿ. ಅದೇ ವಾರ ಬೇಲಿ ಅಥವಾ ಕಾಂಪೌಂಡು, ವಿಸ್ತೀರ್ಣ ಮತ್ತು ವಕ್ಫ್ ನೋಂದಣಿ ಸಂಖ್ಯೆ ಬರೆದ ಫಲಕ. ಜಾಗವನ್ನು ತಿಂಗಳುಗಟ್ಟಲೆ ಖಾಲಿ ಬಿಟ್ಟರೆ ಅದೇ ಮನುಷ್ಯ ಮತ್ತೊಂದು ಹೆಸರಿನಲ್ಲಿ ಬರುತ್ತಾನೆ. ಹೊಸ ಗುತ್ತಿಗೆಯನ್ನು ಬೋರ್ಡಿನ ಅನುಮತಿಯೊಂದಿಗೆ, ಬಹಿರಂಗ ಹರಾಜಿನಲ್ಲಿ, ಒಳಬಾಡಿಗೆ ಕೊಡುವಂತಿಲ್ಲ ಎಂಬ ಷರತ್ತು ಹಾಕಿ ಕೊಡಿ. ಆ ಕರಾರಿನ ಒಂದು ಪ್ರತಿ ಹಂತ 2ರ ಕಡತಕ್ಕೆ ಸೇರಲಿ.